ಗಾಜಿನ ಬಾಟಲಿಗೆ ಹಳೇ ಹಿತ್ತಾಳೆಯ ಮೈ

(ಶಿರಸಿಯಲ್ಲಿ ಮಹಿಳೆಯರು ಸೇರಿದ್ದ ಒಂದು ಸಭೆಯಲ್ಲಿ ಆಡಿದ ಮಾತುಗಳ ಬರಹ ರೂಪ. ನಡುವೆ ಬಂದ ಕೆಲವು ಪ್ರಶ್ನೆಗಳನ್ನೂ ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಸಭೆ ಶುರುವಾಗುವ ಮೊದಲು ನಿಮ್ಮಲ್ಲಿ ತುಂಬ ಜನ ಈ ಮೇಜಿನ ಹತ್ತಿರ ಬಂದು ಇಲ್ಲಿಟ್ಟಿರುವುದನ್ನೆಲ್ಲ ಎತ್ತಿ ನೋಡಿದಿರಿ. ನಾನು ಪಕ್ಕದಲ್ಲಿ ನಿಂತು ನಿಮ್ಮ ಕೈಗಳನ್ನೇ ಗಮನಿಸುತ್ತಿದ್ದೆ. ಹಿತ್ತಾಳೆ ಪಾತ್ರೆ ಎತ್ತುವಾಗ ಮಣಿಕಟ್ಟು ತಾನಾಗಿ ಬಿಗಿಯಾಗುತ್ತದೆ. ನಿಮ್ಮದೂ ಹಾಗೇ ಬಿಗಿಯಾಯಿತು. ಎತ್ತಿದ ಮೇಲೆ, “ಅಯ್ಯೋ, ಇದು ಗಾಜೇ!” ಅಂದಿರಿ. ಭಾರ ಸಿಗದೆ ಕೈ ಬೆಚ್ಚಿತು, ಕಣ್ಣು ಮಾತ್ರ ಇನ್ನೂ ಹಿತ್ತಾಳೆ ಅಂತಲೇ ನಂಬಿತ್ತು. ಕಣ್ಣಿಗೆ ಆ ನಂಬಿಕೆ ಎಲ್ಲಿಂದ ಬಂತು, ಅದನ್ನು ನಾವು ಮನೆಯಲ್ಲಿ ಕೂತು ಹೇಗೆ ತರಿಸಬಹುದು ಅನ್ನುವುದೇ ಇವತ್ತಿನ ವಿಷಯ.

ಮೇಜಿನ ಮೇಲೆ ಇರುವುದು ಐದು ಬಾಟಲಿ, ಒಂದು ಚೊಂಬು. ಬಾಟಲಿಗಳಲ್ಲಿ ಎರಡು ಜೇನುತುಪ್ಪದವು, ಒಂದು ಮುರುಗಲು ಶರಬತ್ತಿನದು, ಒಂದು ಕೆಮ್ಮಿನ ಔಷಧದ್ದು, ಒಂದು ಎಣ್ಣೆಯದು. ಚೊಂಬು ಮಾತ್ರ ನಿಜವಾದ ಹಿತ್ತಾಳೆ. ಸಿದ್ದಾಪುರದ ನನ್ನ ತವರಿನದು, ಅಜ್ಜಿಯ ಕಾಲದ್ದು. ನಾನು ಕಾರವಾರದಲ್ಲಿ 26 ವರ್ಷ ಹೈಸ್ಕೂಲು ಮಕ್ಕಳಿಗೆ ಚಿತ್ರಕಲೆ ಕಲಿಸಿದವಳು. ಆದರೂ ಬಾಟಲಿಗೆ ಲೋಹದ ಬಣ್ಣ ಹಚ್ಚುವುದನ್ನು ನನಗೆ ಕಲಿಸಿದ್ದು ಈ ಚೊಂಬು. ಆದ್ದರಿಂದ ಬಣ್ಣ, ಬ್ರಷ್ಷು ಎಲ್ಲ ಆಮೇಲೆ. ಮೊದಲು ಇದನ್ನು ಎಲ್ಲರೂ ಒಮ್ಮೆ ಕೈಯಿಂದ ಕೈಗೆ ದಾಟಿಸಿ ನೋಡಿ.

ಕಂಠದ ಕೆಳಗೆ ಒಂದು ಸುತ್ತು ಗೆರೆ ಕೊರೆದಿದೆ, ಅದರೊಳಗೆ ಕಪ್ಪು ಕೂತಿದೆ. ಬಾಯಿಯ ಅಂಚಿನ ಮೇಲ್ಭಾಗ ಫಳಫಳ ಅನ್ನುತ್ತದೆ, ಅದೇ ಅಂಚಿನ ಕೆಳಗೆ, ಬೆರಳು ಹೋಗದ ಸಂದಿಯಲ್ಲಿ, ಕಂದು. ಹೊಟ್ಟೆಯ ಉಬ್ಬು ತಿಳಿ ಹಳದಿ, ತಳಕ್ಕೆ ಹೋದಂತೆ ಬಣ್ಣ ಮಾಸುತ್ತದೆ. ಇನ್ನೂ ಹತ್ತಿರದಿಂದ ನೋಡಿದರೆ ಹೊಟ್ಟೆಯ ಒಂದು ಪಕ್ಕ ಇನ್ನೊಂದಕ್ಕಿಂತ ನುಣುಪು. ಅಜ್ಜಿ ಇದನ್ನು ಒಂದೇ ಸೊಂಟದ ಮೇಲೆ ಇಟ್ಟುಕೊಳ್ಳುತ್ತಿದ್ದಳು, ಅವಳ ಸೀರೆ ತಿಕ್ಕಿದ ಪಕ್ಕ ಅದು. ಹುಣಸೆಹಣ್ಣು ಹಾಕಿ ತಿಕ್ಕುವಾಗ ಬೆರಳು ತಲುಪಿದಲ್ಲಿ ಕಿಲುಬು ಹೋಗುತ್ತದೆ, ತಲುಪದಲ್ಲಿ ಉಳಿಯುತ್ತದೆ. ಹಾಗೆ ಹತ್ತಾರು ವರ್ಷ ತಿಕ್ಕಿದರೆ ಪಾತ್ರೆಯ ಮೇಲೆ ಒಂದು ನಕಾಶೆ ಮೂಡುತ್ತದೆ. ಯಾರೂ ಬೇಕೆಂದು ಬರೆದದ್ದಲ್ಲ ಅದು.

ಹಳೆಯ ಲೋಹವನ್ನು ನಮ್ಮ ಕಣ್ಣು ಗುರುತಿಸುವುದು ಈ ನಕಾಶೆಯಿಂದ. ಬಾಟಲಿ ತುಂಬ ಚಿನ್ನದ ಬಣ್ಣ ಒಂದೇ ಸಮ ಬಳಿದರೆ ಅದು ಮದುವೆ ಮಂಟಪದ ಕಂಬದಂತೆ ಕಾಣುತ್ತದೆ. ಹೊಸತು ಅಂತ ಕಣ್ಣಿಗೆ ತಕ್ಷಣ ಗೊತ್ತಾಗುತ್ತದೆ. ಈ ಕೆಲಸದಲ್ಲಿ ಚಿನ್ನ ಎಲ್ಲಿ ಹಚ್ಚಬೇಕು ಅನ್ನುವುದಕ್ಕಿಂತ ಎಲ್ಲಿ ಹಚ್ಚಬಾರದು ಅಂತ ತೀರ್ಮಾನಿಸುವುದು ದೊಡ್ಡದು. ನಾನು ಮಕ್ಕಳಿಗೆ ಇದನ್ನು ಕಲಿಸುವಾಗ ಮೊದಲ ದಿನ ಬಣ್ಣದ ಡಬ್ಬಿ ತೆಗೆಯಲು ಬಿಡುತ್ತಿರಲಿಲ್ಲ. ದೇವರ ಕೋಣೆಯ ದೀಪ, ಎಲೆಪೆಟ್ಟಿಗೆ, ಬಾಗಿಲಿನ ಚಿಲಕ, ಹಳೇ ಬೀಗ, ಯಾವುದಾದರೂ ಒಂದನ್ನು ಪೆನ್ಸಿಲಿನಲ್ಲಿ ಬರೆದು ತರಬೇಕು, ಕಪ್ಪಿರುವಲ್ಲಿ ಕಪ್ಪು ತುಂಬಬೇಕು. ನೀವೂ ಮನೆಗೆ ಹೋಗಿ ಅಷ್ಟು ಮಾಡಿ. ಚಿತ್ರ ಚೆನ್ನಾಗಿ ಬರಬೇಕಂತಿಲ್ಲ, ನೋಡಿದ್ದು ನೆನಪಿನಲ್ಲಿ ಉಳಿದರೆ ಸಾಕು.

ಒಂದೊಂದು ಲೋಹ ಮುದಿಯಾಗುವ ರೀತಿ ಒಂದೊಂದು. ತಾಮ್ರ ಮೊದಲು ಕಂದಾಗುತ್ತದೆ, ಆಮೇಲೆ ತೇವ ಮತ್ತು ಗಾಳಿಯ ಇಂಗಾಲದ ಡೈಆಕ್ಸೈಡ್ ಸೇರಿ ಹಸಿರು ಕಟ್ಟುತ್ತದೆ. ಆ ಹಸಿರು ಮೂಡುವುದು ನೀರು ನಿಲ್ಲುವಲ್ಲಿ, ಅಂಚಿನ ಕೆಳಗೆ, ಹಿಡಿಯ ಬುಡದಲ್ಲಿ. ಹಿತ್ತಾಳೆ ಅಂದರೆ ತಾಮ್ರ ಮತ್ತು ಸತು, ಹಾಗಾಗಿ ಅದಕ್ಕೂ ಸ್ವಲ್ಪ ಹಸಿರು ಬರುತ್ತದೆ, ಕಂದೇ ಹೆಚ್ಚು. ಬೆಳ್ಳಿಯನ್ನು ಕಪ್ಪಾಗಿಸುವುದು ಗಾಳಿಯಲ್ಲಿರುವ ಗಂಧಕದ ಅಂಶ. ಅದರ ಕಪ್ಪಿನಲ್ಲಿ ಹಸಿರಿಲ್ಲ, ತುಸು ನೀಲಿ ಛಾಯೆ ಇರುತ್ತದೆ. ಕಬ್ಬಿಣದ ತುಕ್ಕನ್ನು ನೋಡಬೇಕಾದರೆ ಕಾರವಾರಕ್ಕೆ ಬನ್ನಿ, ಬೈತಖೋಲ ಬಂದರಿನಲ್ಲಿ ದೋಣಿಗಳ ಲಂಗರು, ಸರಪಳಿ ನೋಡಿ. ನಮ್ಮ ಗಾಳಿಯಲ್ಲೇ ಉಪ್ಪಿದೆ. ಬೋಲ್ಟಿನ ಸುತ್ತ, ಬೆಸುಗೆಯ ಗೆರೆಯಲ್ಲಿ ತುಕ್ಕು ಶುರುವಾಗಿ, ಮಳೆನೀರು ಹರಿದ ದಾರಿಯಲ್ಲೇ ಕೆಳಗೆ ಇಳಿದಿರುತ್ತದೆ. ಬಾಟಲಿಯ ಮೇಲೆ ತುಕ್ಕಿನ ಬಣ್ಣ ಹಚ್ಚುವಾಗ ಅದು ಮೇಲಿಂದ ಕೆಳಗೆ ಇಳಿಯಬೇಕು. ಅಡ್ಡಡ್ಡ ಹಚ್ಚಿದರೆ ಕೆಸರು ಮೆತ್ತಿದಂತೆ ಕಾಣುತ್ತದೆ.

ಬಡ ವಸ್ತುವಿಗೆ ಲೋಹದ ಮೈ ಕೊಡುವುದು ನಮ್ಮ ಜಿಲ್ಲೆಗೆ ಹೊಸತಲ್ಲ. ಯಕ್ಷಗಾನದ ಕಿರೀಟ, ಭುಜಕೀರ್ತಿ, ಎದೆಕಟ್ಟು ನೆನಪು ಮಾಡಿಕೊಳ್ಳಿ. ಒಳಗಿರುವುದು ಹಗುರ ಮರ, ಮೇಲೆ ಬೇಗಡೆ, ಅಂದರೆ ಹೊಳೆಯುವ ತೆಳು ಹಾಳೆ. ರಾತ್ರಿಯಿಡೀ ಕುಣಿಯುವವನ ಮೈಮೇಲೆ ನಿಜವಾದ ಲೋಹ ಹೇರಲಾಗುತ್ತದೆಯೇ? ಆದರೆ ಆ ಮರದ ಮೇಲೆ ಮೊದಲು ಉಬ್ಬು ತಗ್ಗಿನ ಕೆತ್ತನೆ ಇರುತ್ತದೆ, ಅದರ ಮೇಲೆ ಬೇಗಡೆ ಅಂಟಿಸುತ್ತಾರೆ, ಸಂದಿಗೆ ಕಪ್ಪೋ ಕೆಂಪೋ ಬರುತ್ತದೆ. ದೀಪದ ಬೆಳಕು ಉಬ್ಬಿನ ಮೇಲೆ ಬಿದ್ದು ಚಿಮ್ಮುತ್ತದೆ, ತಗ್ಗಿನಲ್ಲಿ ಆರುತ್ತದೆ. ಮೈಸೂರು ಚಿತ್ರಗಳಲ್ಲೂ ಹೀಗೇ, ಮೊದಲು ಅಂಟಿನ ಲೇಪದಿಂದ ಆಭರಣವನ್ನು ಉಬ್ಬಿಸಿ, ಮೇಲೆ ಚಿನ್ನದ ಹಾಳೆ ಕೂರಿಸುತ್ತಾರೆ. ಬೀದರಿನ ಬಿದರಿ ಕೆಲಸದಲ್ಲಿ ದಾರಿ ತಿರುವುಮುರುವು. ಸತುವಿನ ಮಿಶ್ರಲೋಹದ ಪಾತ್ರೆಗೆ ಬೆಳ್ಳಿ ಕೂರಿಸಿ, ಕೋಟೆಯ ಮಣ್ಣು ಮತ್ತು ನವಸಾಗರ ಬೆರೆಸಿದ ದ್ರಾವಣ ಹಚ್ಚಿದರೆ ಪಾತ್ರೆ ಕಪ್ಪಾಗುತ್ತದೆ, ಬೆಳ್ಳಿ ಬಿಳಿಯಾಗೇ ಉಳಿಯುತ್ತದೆ. ಮೂರು ಕಡೆಯ ಕಸುಬುದಾರರಿಗೂ ಹೊಳಪಿನ ಪಕ್ಕದಲ್ಲಿ ಕಪ್ಪು ಬೇಕೇ ಬೇಕು ಅನ್ನುವುದು ಗೊತ್ತಿತ್ತು.

ಈಗ ಬಾಟಲಿ. ಯಾವುದನ್ನು ಆರಿಸಬೇಕು? ಕುತ್ತಿಗೆ, ಭುಜ, ಹೊಟ್ಟೆ ಬೇರೆ ಬೇರೆಯಾಗಿ ಕಾಣುವ ಬಾಟಲಿ ಒಳ್ಳೆಯದು. ಕೊಳವೆಯಂಥ ನೇರ ಬಾಟಲಿಗೆ ನೀವೇ ಉಬ್ಬುತಗ್ಗು ಕೊಡಬೇಕಾಗುತ್ತದೆ. ಬಾಯಿ ಚಕ್ಕೆ ಎದ್ದದ್ದು ಬೇಡ, ಕೈ ಕುಯ್ಯುತ್ತದೆ. ಗುಜರಿಯವರು ಮರಳಿ ಒಯ್ಯುವ ಬಾಟಲಿಗೂ ಬಣ್ಣ ಹಚ್ಚಬೇಡಿ. ಗಾಜನ್ನು ಎಷ್ಟು ಸಲ ಬೇಕಾದರೂ ಕರಗಿಸಿ ಹೊಸ ಗಾಜು ಮಾಡಬಹುದು, ಬಣ್ಣ, ಅಂಟು ಮೆತ್ತಿದ ಮೇಲೆ ಆ ದಾರಿ ಕಷ್ಟ. ಯಾರಿಗೂ ಬೇಡವಾಗಿ ಹಿತ್ತಲಲ್ಲಿ ಬಿದ್ದಿರುತ್ತದಲ್ಲ, ಮಳೆಗಾಲದಲ್ಲಿ ನೀರು ತುಂಬಿ ಸೊಳ್ಳೆ ಸಾಕುವ ಬಾಟಲಿ, ಅದನ್ನು ತೆಗೆದುಕೊಳ್ಳಿ.

ಮುಂದಿನ ಸಾಲಿನಲ್ಲಿ ಕೂತ ಒಬ್ಬ ಅಮ್ಮ ಚೀಲದಿಂದ ಒಂದು ಗೋಲಿಸೋಡಾ ಬಾಟಲಿ ತೆಗೆದು ತೋರಿಸುತ್ತಿದ್ದಾರೆ. “ಅಕ್ಕೋರೆ, ಇದಕ್ಕೆ ತಾಮ್ರದ ಬಣ್ಣ ಹಚ್ಚಬಹುದಾ?” ಅಂತ ಕೇಳುತ್ತಿದ್ದಾರೆ. ಅಮ್ಮಾ, ದಯವಿಟ್ಟು ಹಚ್ಚಬೇಡಿ. ಈ ಗೋಲಿಯ ಬಾಟಲಿಯನ್ನು ಹೈರಮ್ ಕಾಡ್ ಅನ್ನುವ ಇಂಗ್ಲಿಷಿನವನು ರೂಪಿಸಿ 1872ರಲ್ಲಿ ಪೇಟೆಂಟ್ ಪಡೆದ. ಒಳಗಿನ ಗ್ಯಾಸಿನ ಒತ್ತಡವೇ ಗೋಲಿಯನ್ನು ಮೇಲಕ್ಕೆ ದೂಡಿ ಬಾಯಿ ಮುಚ್ಚುತ್ತದೆ. ದಪ್ಪ ಗಾಜು, ಕುತ್ತಿಗೆಯಲ್ಲಿ ಚಿವುಟಿದಂಥ ಎರಡು ಗುಳಿ, ಮೈಮೇಲೆ ಉಬ್ಬಕ್ಷರ. ಇದು ಈಗಾಗಲೇ ಹಳೆಯದು, ಹಳೆಯದಾಗಿ ಕಾಣಿಸುವ ಕೆಲಸ ಇದಕ್ಕೆ ಬೇಕಿಲ್ಲ. ಸೋಪುನೀರಲ್ಲಿ ತೊಳೆದು ಕಿಟಕಿಯಲ್ಲಿ ಬೆಳಕಿಗೆ ಇಡಿ.

ಬಾಟಲಿ ತೊಳೆಯುವುದನ್ನು ಸಣ್ಣ ಕೆಲಸ ಅಂದುಕೊಳ್ಳಬೇಡಿ. ಬಣ್ಣ ಎದ್ದು ಬಂತು ಅಂತ ನನ್ನ ಹತ್ತಿರ ತಂದು ತೋರಿಸಿದ ಬಾಟಲಿಗಳಲ್ಲಿ ಹೆಚ್ಚಿನವುಗಳ ತಪ್ಪು ತೊಳೆಯುವಲ್ಲೇ ಆಗಿತ್ತು. ಮಣ್ಣಿನ ಮಡಕೆಗೆ ರಂಧ್ರಗಳಿವೆ, ಮರಕ್ಕೆ ನಾರಿದೆ, ಬಣ್ಣ ಒಳಗಿಳಿದು ಹಿಡಿದುಕೊಳ್ಳುತ್ತದೆ. ಗಾಜಿಗೆ ಎರಡೂ ಇಲ್ಲ. ಬಣ್ಣ ಅದರ ಮೇಲೆ ಸುಮ್ಮನೆ ಕೂತಿರುತ್ತದೆ ಅಷ್ಟೇ. ನಡುವೆ ಒಂದಿಷ್ಟು ಎಣ್ಣೆ ಪಸೆ ಇದ್ದರೆ ಕೂರುವುದೂ ಇಲ್ಲ. ಲೇಬಲ್ ಬಿಡಿಸಲು ಬಾಟಲಿಯನ್ನು ಬಿಸಿನೀರು, ವಾಷಿಂಗ್ ಸೋಡಾದಲ್ಲಿ ಒಂದು ರಾತ್ರಿ ಮುಳುಗಿಸಿಡಿ. ಉಳಿದ ಗೋಂದಿಗೆ ತೆಂಗಿನೆಣ್ಣೆ ಮತ್ತು ಅಡುಗೆ ಸೋಡಾ ಕಲಸಿ ಹಚ್ಚಿ ಅರ್ಧ ಗಂಟೆ ಬಿಟ್ಟು ಉಜ್ಜಿದರೆ ಸುಲಭವಾಗಿ ಬರುತ್ತದೆ. ಆದರೆ ಈಗ ನೀವೇ ಗಾಜಿಗೆ ಎಣ್ಣೆ ಹಚ್ಚಿದ್ದೀರಿ. ಪಾತ್ರೆ ತೊಳೆಯುವ ಸೋಪಿನಲ್ಲಿ ಎರಡು ಸಲ ತೊಳೆದು, ಒಣಗಿದ ಮೇಲೆ ಸ್ಪಿರಿಟ್ಟಿನಲ್ಲಿ ಅದ್ದಿದ ಹತ್ತಿಯಿಂದ ಒರೆಸಿ.

ತೊಳೆದದ್ದು ಸಾಕೋ ಅಂತ ತಿಳಿಯಲು ಒಂದು ಪರೀಕ್ಷೆ ಇದೆ. ಸ್ಪಿರಿಟ್ಟಿನಿಂದ ಒರೆಸುವ ಮೊದಲು ಬಾಟಲಿಯನ್ನು ನೀರಲ್ಲಿ ಅದ್ದಿ ಮೇಲೆತ್ತಿ. ನೀರು ಒಂದೇ ತೆಳು ಪದರವಾಗಿ ಇಳಿದರೆ ಗಾಜು ಶುದ್ಧ. ಕೆಸುವಿನ ಎಲೆಯ ಮೇಲೆ ನಿಂತಂತೆ ಹನಿಹನಿಯಾಗಿ ನಿಂತರೆ ಅಲ್ಲಿ ಜಿಡ್ಡಿದೆ, ಮತ್ತೆ ತೊಳೆಯಿರಿ. ಅಲ್ಲಿಂದ ಮುಂದೆ ಬಾಟಲಿಯ ಮೈ ಮುಟ್ಟಬೇಡಿ, ಬೆರಳಿನ ಎಣ್ಣೆ ಸಾಕು ಕೆಡಿಸಲು. ಬಾಯೊಳಗೆ ಒಂದು ಕೋಲು ತೂರಿಸಿ ಹಿಡಿದುಕೊಳ್ಳಿ. ಕರಾವಳಿಯವರು ತೊಳೆದ ಬಾಟಲಿಯನ್ನು ಜಗಲಿಯಲ್ಲಿ ಎರಡು ದಿನ ಬಿಟ್ಟು ಆಮೇಲೆ ಬಣ್ಣ ಹಚ್ಚಲು ಕೂರಬೇಡಿ. ಕಡಲ ಗಾಳಿಯ ಉಪ್ಪು ಅದರ ಮೇಲೆ ಕೂತಿರುತ್ತದೆ, ಮತ್ತೆ ತೊಳೆಯಬೇಕು.

ಇನ್ನು ಗಾಜಿಗೆ ಹಿಡಿತ ಕೊಡಬೇಕು. 400 ನಂಬರಿನ ನೀರುಕಾಗದವನ್ನು, ಅಂದರೆ ನೀರಿನಲ್ಲಿ ಬಳಸುವ ಉಜ್ಜುಕಾಗದವನ್ನು, ಒದ್ದೆ ಮಾಡಿಕೊಂಡು ಹಗುರವಾಗಿ ತಿಕ್ಕಿ. ಒಣಗಿದ್ದನ್ನು ತಿಕ್ಕಬೇಡಿ, ಗಾಜಿನ ಧೂಳು ಉಸಿರಿಗೆ ಒಳ್ಳೆಯದಲ್ಲ. ಆಮೇಲೆ ಜೆಸ್ಸೊ. ಅಂದರೆ ಸೀಮೆಸುಣ್ಣದ ಪುಡಿ ಬೆರೆತ ಅಕ್ರಿಲಿಕ್, ಚಿತ್ರಕಲೆ ಸಾಮಾನಿನ ಅಂಗಡಿಯಲ್ಲಿ ಸಿಗುತ್ತದೆ. ಸಿಗದಿದ್ದರೆ ಬಿಳಿ ಅಕ್ರಿಲಿಕ್ ಬಣ್ಣಕ್ಕೆ ಅಷ್ಟೇ ಬಿಳಿ ಅಂಟು, ಒಂದು ಚಮಚ ಟಾಲ್ಕಂ ಪೌಡರ್ ಸೇರಿಸಿ ಕಲಸಿ. ಸ್ಪಂಜಿನಿಂದ ತಟ್ಟುತ್ತ ಹಚ್ಚಿದರೆ ಬ್ರಷ್ಷಿನ ಗೆರೆ ಬೀಳುವುದಿಲ್ಲ. ಎರಡು ತೆಳು ಪದರ ಸಾಕು, ನಡುವೆ ಪೂರ್ತಿ ಒಣಗಬೇಕು.

ಉಬ್ಬು ಕೊಡುವ ಕೆಲಸ ನನಗೆ ಅತಿ ಪ್ರೀತಿಯದು. ಅತಿ ಸುಲಭದ್ದು ಟಿಶ್ಯೂ ಕಾಗದ. ಅದನ್ನು ಮುದುಡಿ ಬಿಡಿಸಿ, ಅಂಟು ಬಳಿದ ಬಾಟಲಿಯ ಮೇಲೆ ಸುಕ್ಕು ಸುಕ್ಕಾಗಿ ಕೂರಿಸಿ, ಮೇಲೊಂದು ಕೈ ಅಂಟು ಎಳೆಯಿರಿ. ಒಣಗಿದ ಮೇಲೆ ಎರಕ ಹೊಯ್ದ ಕಬ್ಬಿಣದ ಹಾಗೆ ಒರಟು ಮೈ ಬರುತ್ತದೆ. ಸುತ್ತು ಗೆರೆಗೆ ಕತ್ತದ ಸಣ್ಣ ಹುರಿ, ಬಾಳೆನಾರು. ಎಲೆ, ಹೂವು, ಬಳ್ಳಿ ಬೇಕಾದರೆ ನಲ್ಲಿ ರಿಪೇರಿಯವರು ಬಳಸುವ ಎಂ-ಸೀಲ್. ಎರಡು ಮುದ್ದೆ ಸಮ ಸಮ ಸೇರಿಸಿ ನಾದಿ, ಬೆರಳು ಒದ್ದೆ ಮಾಡಿಕೊಂಡು ತಿದ್ದಿ. ಬೇಗ ಗಟ್ಟಿಯಾಗುತ್ತದೆ, ಆದ್ದರಿಂದ ಒಮ್ಮೆಗೆ ನೆಲ್ಲಿಕಾಯಿಯಷ್ಟು ಮಾತ್ರ ನಾದಿಕೊಳ್ಳಿ. ಚಿಪ್ಪು ಹಚ್ಚುವವರು ಅದನ್ನು ಸಿಹಿನೀರಲ್ಲಿ ಎರಡು ಮೂರು ದಿನ ನೆನೆಸಿ, ನೀರು ಬದಲಿಸುತ್ತ ಉಪ್ಪು ಬಿಡಿಸಿ.

ಬೇಳೆ, ಅಕ್ಕಿ, ಕೊತ್ತಂಬರಿ ಬೀಜ ಅಂಟಿಸುವವರು ತುಂಬ ಜನ. ಬೆಂಗಳೂರಿನಲ್ಲಿ ನಡೆದೀತು. ನಮ್ಮಲ್ಲಿ ಬೇಡ ಅಂತ ನಾನು ಖಂಡಿತವಾಗಿ ಹೇಳುತ್ತೇನೆ. ಒಂದು ವರ್ಷ ಮೇ ತಿಂಗಳಲ್ಲಿ ನಾನು ಒಂದು ದೊಡ್ಡ ಬಾಟಲಿಗೆ ತೊಗರಿಬೇಳೆಯಿಂದ ತಾವರೆಯ ಎಸಳು ಮಾಡಿ, ತಾಮ್ರದ ಬಣ್ಣ ಹಚ್ಚಿ, ತಂಗಿಯ ಮಗಳ ಮದುವೆಗೆ ಉಡುಗೊರೆ ಕೊಟ್ಟೆ. ಒಂಬತ್ತು ದಿನದ ಕೆಲಸ. ಆಗಸ್ಟಿನಲ್ಲಿ ಅವರ ಮನೆಗೆ ಹೋದಾಗ ಎಸಳುಗಳು ಉಬ್ಬಿ ಬಣ್ಣ ಬಿರಿದಿತ್ತು, ಬಿರುಕಿನಲ್ಲಿ ಬಿಳಿ ಬೂಷ್ಟು. ಆ ಮಗು ಅದನ್ನು ಎಸೆಯದೆ ಷೋಕೇಸಿನಲ್ಲಿ ಹಿಂದುಮುಂದಾಗಿ ತಿರುಗಿಸಿ ಇಟ್ಟಿದ್ದಳು. ನನಗೆ ತುಂಬ ನೋವಾಯಿತು. ಬೇಳೆ ತೇವ ಹೀರುತ್ತದೆ, ಬಿಳಿ ಅಂಟೂ ತೇವಕ್ಕೆ ಮೆತ್ತಗಾಗುತ್ತದೆ. ಬಣ್ಣದ ಪದರ ಎಷ್ಟು ಗಟ್ಟಿ ಇದ್ದರೂ ಒಳಗಿನದು ಊದಿಕೊಂಡರೆ ತಡೆಯಲಾರದು. ಅಂದಿನಿಂದ ಎಸಳಿಗೆಲ್ಲ ಎಂ-ಸೀಲ್ ಮಾತ್ರ.

ಉಬ್ಬು ಒಣಗಿದ ಮೇಲೆ ಇಡೀ ಬಾಟಲಿ ಕಪ್ಪು. ಸಂದಿ, ಗೀರು, ಎಲ್ಲೂ ಬಿಳಿ ಇಣುಕಬಾರದು. ಹಿತ್ತಾಳೆ ಮಾಡುವವರು ಕಪ್ಪಿಗೆ ಅರ್ಧ ಕಡು ಕಂದು ಸೇರಿಸಿ, ತಾಮ್ರಕ್ಕೆ ಕೆಂಗಂದು, ಬೆಳ್ಳಿಗೆ ಕಪ್ಪಿನಲ್ಲಿ ಒಂದು ಹನಿ ನೀಲಿ. ಈ ಹಂತದಲ್ಲಿ ಬಾಟಲಿ ಬಾಣಲೆಯ ತಳದಂತೆ ಕಾಣುತ್ತದೆ. ಕಲಿಯುವವರು ಇಲ್ಲಿ ಹೆದರುತ್ತಾರೆ, ಎಲ್ಲ ಹಾಳಾಯಿತು ಅಂದುಕೊಳ್ಳುತ್ತಾರೆ. ಹೆದರಬೇಡಿ. ಒಂದು ರಾತ್ರಿ ಒಣಗಲು ಬಿಡಿ.

ಲೋಹದ ಬಣ್ಣ ಕೊಳ್ಳುವಾಗ ಒಂದು ವಿಷಯ ತಿಳಿದಿರಲಿ. ಚಿನ್ನದ ಬಣ್ಣದಲ್ಲಿ ಎರಡು ಬಗೆ. ಒಂದರಲ್ಲಿ ನಿಜವಾದ ಲೋಹದ ಪುಡಿ ಇರುತ್ತದೆ, ತಾಮ್ರ, ಸತುವಿನದು. ಇನ್ನೊಂದರಲ್ಲಿ ನಾವು ಕಾಗೆಬಂಗಾರ ಅನ್ನುವ ಅಭ್ರಕದ ತೆಳು ಚೂರಿಗೆ ಬೇರೆ ಖನಿಜದ ಲೇಪ ಕೊಟ್ಟಿರುತ್ತಾರೆ. ಲೋಹದ ಪುಡಿಯದು ಮೊದಲಿಗೆ ಹೆಚ್ಚು ಹೊಳೆಯುತ್ತದೆ, ಆದರೆ ಗಾಳಿ ತಾಗಿದರೆ ಹಿತ್ತಾಳೆಯಂತೆ ತಾನೂ ಮಾಸುತ್ತದೆ, ಕಡಲ ಹತ್ತಿರ ಇನ್ನೂ ಬೇಗ. ಅಭ್ರಕದ್ದು ಮಾಸುವುದಿಲ್ಲ. ಈ ಕೆಲಸಕ್ಕೆ ಅಕ್ರಿಲಿಕ್ ಡಬ್ಬಿಯಲ್ಲಿ ಬರುವ ಅಭ್ರಕದ ಬಣ್ಣವೇ ನನಗೆ ಇಷ್ಟ, ಮಾಸಿದ್ದು ಎಲ್ಲಿರಬೇಕು ಅಂತ ನಾನು ನಿರ್ಧರಿಸಬೇಕು. ಗೇಟಿಗೆ ಬಳಿಯುವ ಅಲ್ಯೂಮಿನಿಯಂ ಪೇಂಟಿನಿಂದಲೂ ಬೆಳ್ಳಿ ಮಾಡಬಹುದು. ಅದಕ್ಕೆ ಟರ್ಪೆಂಟೈನ್ ಬೇಕು, ಕಿಟಕಿ ತೆರೆದಿರಬೇಕು, ಹತ್ತಿರದಲ್ಲಿ ದೀಪ, ಒಲೆ ಉರಿಯಬಾರದು.

ಈಗ ಬ್ರಷ್ಷು ನೋಡಿ. ಚಪ್ಪಟೆಯದು, ಬಿರುಸು ಕೂದಲಿನದು, ಸವೆದಿದ್ದರೆ ಇನ್ನೂ ಒಳ್ಳೆಯದು. ಒಣಗಿರಬೇಕು, ಒಂದು ಹನಿ ನೀರೂ ಬೇಡ. ತುದಿಗೆ ಕಡಲೆಯಷ್ಟು ಬಣ್ಣ ತೆಗೆದುಕೊಂಡು ಹಳೇ ಪತ್ರಿಕೆಯ ಮೇಲೆ ಒರೆಸಿ. ಇನ್ನೂ ಒರೆಸಿ. ಬ್ರಷ್ಷಿನಲ್ಲಿ ಏನೂ ಉಳಿದಿಲ್ಲ ಅನ್ನಿಸಿದಾಗ ಬಾಟಲಿಯ ಉಬ್ಬಿನ ಮೇಲೆ ಹಗುರವಾಗಿ, ಬೆಕ್ಕಿನ ಬೆನ್ನು ಸವರಿದ ಹಾಗೆ, ಸವರಿ. ನೋಡಿ, ಇಲ್ಲಿ. ಕಪ್ಪಿನಿಂದ ಎಲೆಯ ನರ ಒಂದೊಂದೇ ಮೇಲೆ ಬಂತು. ತಗ್ಗಿನಲ್ಲಿ ಕಪ್ಪು ಹಾಗೇ ಉಳಿಯಿತು. ಈ ಕ್ಷಣಕ್ಕಾಗಿ ನಾನು ಇಷ್ಟು ವರ್ಷ ಬಾಟಲಿ ತೊಳೆದಿದ್ದೇನೆ.

ಇಡೀ ಬಾಟಲಿಗೆ ಒಂದೇ ತೂಕದಲ್ಲಿ ಸವರಬೇಡಿ. ಇಲ್ಲಿ ಚೊಂಬನ್ನು ನೆನಪು ಮಾಡಿಕೊಳ್ಳಬೇಕು. ಬಾಟಲಿಯನ್ನು ಒಬ್ಬರು ಎತ್ತುವುದಾದರೆ ಎಲ್ಲಿ ಹಿಡಿಯುತ್ತಾರೆ? ಕುತ್ತಿಗೆಯಲ್ಲಿ. ಅಲ್ಲಿ ಹೊಳಪು ಹೆಚ್ಚಿರಲಿ. ಹೊಟ್ಟೆಯ ಉಬ್ಬಿಗೆ ಮಧ್ಯಮ. ಬುಡದಿಂದ ಎರಡು ಬೆರಳು ಎತ್ತರಕ್ಕೆ ಬಹುಪಾಲು ಕಪ್ಪು, ಕೂರುವ ಅಂಚು ಮಾತ್ರ ನೆಲಕ್ಕೆ ತಿಕ್ಕಿ ಬೆಳಗಿದಂತೆ ತುಸು ಹೊಳೆಯಬೇಕು. ಒಂದು ಪಕ್ಕ ಇನ್ನೊಂದಕ್ಕಿಂತ ನುಣುಪಾಗಿ ಕಂಡರೆ ನಿಮ್ಮ ಬಾಟಲಿಗೂ ಒಬ್ಬಳು ಅಜ್ಜಿ ಇದ್ದಳು ಅನ್ನಿಸುತ್ತದೆ. ಕೊನೆಯಲ್ಲಿ ಬ್ರಷ್ಷು ಕೆಳಗಿಟ್ಟು ತೋರುಬೆರಳಿನ ತುದಿಗೆ ಬಣ್ಣ ತಾಗಿಸಿ ಅತಿ ಎತ್ತರದ ಉಬ್ಬುಗಳನ್ನು ಮಾತ್ರ ಉಜ್ಜಿ. ನಿಜವಾದ ಪಾತ್ರೆ ಬೆಳಗಿದ್ದೂ ಬೆರಳಿನಿಂದಲೇ ಅಲ್ಲವೇ?

“ಎಷ್ಟು ಹಚ್ಚಿದರೆ ಸಾಕು, ಅಕ್ಕೋರೆ?” ಅಂತ ಹಿಂದಿನಿಂದ ಪ್ರಶ್ನೆ ಬಂತು. ನನ್ನ ಕಣ್ಣಳತೆ ಹೇಳುತ್ತೇನೆ. ಹತ್ತು ಪಾಲು ಮೈಯಲ್ಲಿ ಮೂರು, ನಾಲ್ಕು ಪಾಲು ಲೋಹ ಕಂಡರೆ ಸಾಕು. ಇನ್ನೊಂದು ಸ್ವಲ್ಪ ಬೇಕು ಅನ್ನಿಸಿದಾಗ ಬಾಟಲಿಯನ್ನು ಕೋಣೆಯ ಆಚೆ ತುದಿಗೆ ಇಟ್ಟು ಬಂದು ನೋಡಿ. ಹತ್ತಿರದಿಂದ ಕಡಿಮೆ ಅನ್ನಿಸಿದ್ದು ದೂರದಿಂದ ಸರಿಯಾಗಿರುತ್ತದೆ. ಹೆಚ್ಚಾಗಿದ್ದರೆ ಕಪ್ಪಿಗೆ ತುಂಬ ನೀರು ಬೆರೆಸಿ ಮೇಲೆ ಎಳೆದು ತಕ್ಷಣ ಬಟ್ಟೆಯಿಂದ ಒರೆಸಿ. ಉಬ್ಬಿನದು ಹೋಗುತ್ತದೆ, ತಗ್ಗಿನದು ಉಳಿಯುತ್ತದೆ.

ಕಿಲುಬಿನ ಹಸಿರು ತಾಮ್ರದ ಬಾಟಲಿಗೆ ಚೆಂದ. ಹಸಿರು, ನೀಲಿ, ಹೆಚ್ಚು ಬಿಳಿ ಸೇರಿಸಿ ಕಲಸಿ, ಚಿಟಿಕೆ ಸೀಮೆಸುಣ್ಣದ ಪುಡಿ ಹಾಕಿ, ಕಿಲುಬು ಹೊಳೆಯಬಾರದು, ಪುಡಿಪುಡಿಯಾಗಿ ಕಾಣಬೇಕು. ನೀರು ಎಲ್ಲಿ ನಿಂತೀತು ಅಂತ ಯೋಚಿಸಿ ಅಲ್ಲಷ್ಟೇ ಸ್ಪಂಜಿನ ಮೂಲೆಯಿಂದ ಒತ್ತಿ. ತುಕ್ಕಿಗೆ ನಮ್ಮಲ್ಲಿ ಅಂಗಡಿಯ ಬಣ್ಣವೂ ಬೇಡ. ನಮ್ಮ ಚಿರೆಕಲ್ಲು ಕೆಂಪಾಗಿರುವುದೇ ಕಬ್ಬಿಣದ ಆಕ್ಸೈಡಿನಿಂದ, ತುಕ್ಕು ಕೂಡ ಅದೇ ಕುಲದ್ದು. ಚಿರೆಕಲ್ಲಿನ ಪುಡಿಯನ್ನು ತೆಳು ಬಟ್ಟೆಯಲ್ಲಿ ಸೋಸಿ, ಹಸಿಯಿರುವ ಕಂದು ಬಣ್ಣದ ಮೇಲೆ ಉದುರಿಸಿ, ಒಣಗಿದ ಮೇಲೆ ಸಡಿಲವಿದ್ದದ್ದನ್ನು ಬ್ರಷ್ಷಿನಿಂದ ಝಾಡಿಸಿ. ಈ ಎಣ್ಣೆ ಬಾಟಲಿಯ ಮೇಲಿರುವುದು ಅದೇ, ಕಾರವಾರದ ನಮ್ಮ ಹಿತ್ತಲಿನ ಗೋಡೆಯ ಪುಡಿ. ಇದೇ ಊರಿನ ಮಾರಿಕಾಂಬಾ ಗುಡಿಯ ಗೋಡೆಯ ಮೇಲೆ ಸುಣ್ಣದ ಬಿಳಿಯ ಮೇಲೆ ಕೆಮ್ಮಣ್ಣಿನ ಕಾವಿ ಚಿತ್ರಗಳಿವೆಯಲ್ಲ, ಆ ಕೆಂಪೂ ಇದೇ ಮಣ್ಣಿನ ಬಂಧು. ಕೆಂಪು ಮಣ್ಣನ್ನು ಬಣ್ಣವಾಗಿ ನಂಬುವುದನ್ನು ಈ ಜಿಲ್ಲೆಯವರು ನನ್ನಿಂದ ಕಲಿಯಬೇಕಾಗಿಲ್ಲ.

ಅಡುಗೆಮನೆಯ ಅಲ್ಯೂಮಿನಿಯಂ ಫಾಯಿಲಿನ ದಾರಿಯೂ ಇದೆ, ಚುರುಕಾಗಿ ಹೇಳಿಬಿಡುತ್ತೇನೆ. ಬಾಟಲಿಗೆ ಹುರಿ ಅಂಟಿಸಿ ನಕ್ಷೆ ಮಾಡಿ, ಮೇಲೆ ಅಂಟು ಬಳಿದು ಫಾಯಿಲ್ ಹೊದಿಸಿ, ಮೆತ್ತನೆ ಬಟ್ಟೆಯಿಂದ ಒತ್ತುತ್ತ ಬಂದರೆ ನಕ್ಷೆ ಎದ್ದು ಕಾಣುತ್ತದೆ. ಆಮೇಲೆ ಕಪ್ಪು ಬಳಿದು, ಅರೆ ಒಣಗಿದಾಗ ಒರೆಸಿ. ಮಕ್ಕಳಿಗೆ ಇದು ಸುಲಭ. ಬೇಗಡೆ ಕೆಲಸದ ನೇರ ನೆಂಟ.

ನಮ್ಮ ಮಳೆಯ ಬಗ್ಗೆ ಹೇಳದೆ ಇಳಿಯುವ ಹಾಗಿಲ್ಲ. ಡಬ್ಬಿಯ ಮೇಲೆ ಒಂದು ಗಂಟೆಯಲ್ಲಿ ಒಣಗುತ್ತದೆ ಅಂತ ಬರೆದಿರುವುದು ಒಣ ಹವೆಗೆ. ಅಕ್ರಿಲಿಕ್ ಒಣಗುವುದು ಅಂದರೆ ಅದರೊಳಗಿನ ನೀರು ಗಾಳಿಗೆ ಹೋಗುವುದು. ಜುಲೈ ತಿಂಗಳ ನಮ್ಮ ಗಾಳಿ ಆಗಲೇ ನೀರಿನಿಂದ ತುಂಬಿರುತ್ತದೆ, ಇನ್ನಷ್ಟು ನೀರನ್ನು ಅದು ಎಲ್ಲಿ ಇಟ್ಟುಕೊಂಡೀತು? ಮೇಲೆ ಒಣಗಿದಂತೆ ಕಂಡು ಒಳಗೆ ಮೆತ್ತಗಿರುತ್ತದೆ, ಅದರ ಮೇಲೆ ಇನ್ನೊಂದು ಪದರ ಹಚ್ಚಿದರೆ ಎರಡೂ ಸುರುಳಿ ಸುತ್ತಿ ಏಳುತ್ತವೆ. ಬೇಸಿಗೆಯಲ್ಲಿ ಐದು ದಿನದಲ್ಲಿ ಮುಗಿಸುವ ಬಾಟಲಿಗೆ ನಾನು ಮಳೆಗಾಲದಲ್ಲಿ ಹನ್ನೆರಡು ದಿನ ಇಟ್ಟುಕೊಳ್ಳುತ್ತೇನೆ. ಬಟ್ಟೆಯ ಹಾಗೆ ಬಾಟಲಿಯನ್ನೂ ಬಚ್ಚಲ ಒಲೆಯ ಹತ್ತಿರ ಒಣಗಿಸುವವರಿದ್ದಾರೆ. ಅಲ್ಲಿ ಬಿಸಿ ಇದೆ ನಿಜ, ಹೊಗೆಯ ಜಿಡ್ಡೂ ಹಬೆಯೂ ಇದೆ. ಬದಲಿಗೆ ಒಂದು ಖಾಲಿ ಕಪಾಟಿನಲ್ಲಿ ಹಳೇ ಕಾಲದ 40 ವ್ಯಾಟಿನ ಬಲ್ಬು ಹಾಕಿ, ಬಾಟಲಿಯನ್ನು ಬಲ್ಬಿನಿಂದ ಒಂದು ಮೊಳ ದೂರ ಇಡಿ. ನೀರಿನ ಬಣ್ಣಕ್ಕೆ ಮಾತ್ರ ಈ ಉಪಾಯ. ಟರ್ಪೆಂಟೈನ್ ಇರುವುದನ್ನು ಅಲ್ಲಿ ಎಂದೂ ಇಡಬೇಡಿ.

ಕೊನೆಯ ಪದರ ವಾರ್ನಿಷ್. ಹೊಳೆಯುವುದು ಬೇಡ, ಮ್ಯಾಟ್ ಇರಲಿ, ನೀರಿನ ಆಧಾರದ್ದು ಇರಲಿ. ಹೊಳೆಯುವ ವಾರ್ನಿಷ್ ಕಪ್ಪನ್ನೂ ಲೋಹವನ್ನೂ ಒಂದೇ ಸಮ ಹೊಳೆಸಿ, ನೀವು ಮಾಡಿದ ಭೇದವನ್ನೆಲ್ಲ ಅಳಿಸುತ್ತದೆ. ಸ್ಪ್ರೇ ಡಬ್ಬಿಯನ್ನು ಮಳೆಗಾಲದಲ್ಲಿ ಮುಟ್ಟಬೇಡಿ. ಅದರ ದ್ರಾವಕ ಆರುವಾಗ ಮೈ ತಣ್ಣಗಾಗಿ ಗಾಳಿಯ ತೇವ ಅಲ್ಲೇ ಇಳಿಯುತ್ತದೆ, ಬಾಟಲಿ ಮೇಲೆ ಹಾಲು ಚೆಲ್ಲಿದಂತೆ ಬಿಳಿ ಮಂಜು ಕಟ್ಟುತ್ತದೆ. ಬಾಯಿಯ ಅಂಚಿಗೆ, ಒಳಗೆ ಬಣ್ಣ ತಾಗಿದ ಬಾಟಲಿಯಲ್ಲಿ ಕುಡಿಯುವ ನೀರು, ಎಣ್ಣೆ, ಉಪ್ಪಿನಕಾಯಿ ಏನೂ ಹಾಕಬೇಡಿ. ಒಣ ಹೂವು, ನವಿಲುಗರಿ, ಅಡಿಕೆಯ ಸಿಂಗಾರ ಇಡಬಹುದು.

“ಮಾರಬಹುದಾ?” ಅಂತ ಇಬ್ಬರು ಕೇಳಿದ್ದಾರೆ. ಖಂಡಿತ ಮಾರಿ. ಗಾಜಿನ ಬಾಟಲಿ, ಮೇಲೆ ಬಣ್ಣ ಅಂತ ಬಾಯಿಬಿಟ್ಟು ಹೇಳಿ ಮಾರಿ, ಚೀಟಿಯಲ್ಲೂ ಬರೆಯಿರಿ. ಕೊಂಡವರು ಅದನ್ನು ಹುಣಸೆಹಣ್ಣು ಹಾಕಿ ತಿಕ್ಕಲು ಕೂತರೆ ನಿಮ್ಮ ಹನ್ನೆರಡು ದಿನದ ಕೆಲಸ ಹತ್ತು ನಿಮಿಷದಲ್ಲಿ ಹೋಗುತ್ತದೆ, ಅವರ ಹಣವೂ ಹೋಗುತ್ತದೆ. ಒಣ ಬಟ್ಟೆಯಿಂದ ಧೂಳು ಒರೆಸಿದರೆ ಸಾಕು ಅಂತ ತಿಳಿಸಿ.

ಅಲ್ಲಿ ಒಬ್ಬ ತಂಗಿ ಕೈ ಎತ್ತಿದ್ದಾಳೆ. ಅವಳ ಬಾಟಲಿಯ ಕುತ್ತಿಗೆಯಲ್ಲಿ ಚಕ್ಕೆ ಎದ್ದಿದೆಯಂತೆ, ಪೂರ್ತಿ ಕಿತ್ತು ಹೊಸದಾಗಿ ಹಚ್ಚಬೇಕೋ ಅಂತ ಕೇಳುತ್ತಾಳೆ. ಬೇಡಮ್ಮ. ಎದ್ದ ಚಕ್ಕೆಯ ಸುತ್ತಲಿನ ಸಡಿಲ ಬಣ್ಣವನ್ನು ಉಗುರಿನಿಂದ ತೆಗೆ. ಅಂಚನ್ನು ನೀರುಕಾಗದದಿಂದ ಇಳಿಜಾರು ಮಾಡು, ಗಾಜು ಕಾಣುವಲ್ಲಿ ಸ್ಪಿರಿಟ್ ಒರೆಸಿ ಜೆಸ್ಸೊ ತಟ್ಟು. ಆಮೇಲೆ ಕಪ್ಪು. ಅವಸರ ಮಾಡಿ ನೇರ ಚಿನ್ನ ಹಚ್ಚಿಬಿಡಬೇಡ, ಅಲ್ಲೊಂದು ತೇಪೆ ಎದ್ದು ಕಾಣುತ್ತದೆ. ಕಪ್ಪು ಒಂದು ರಾತ್ರಿ ಒಣಗಲಿ, ಮರುದಿನ ಒಣ ಬ್ರಷ್ಷಿನಲ್ಲಿ ಸುತ್ತಲಿನ ಹೊಳಪಿನ ಕಡೆಯಿಂದ ಒಳಗೆ ಸವರುತ್ತ ಬಾ. ಬಾಟಲಿ ಇಲ್ಲೇ ತಂದಿದ್ದೀಯಾ? ಬಾ, ಮೇಜಿನ ಹತ್ತಿರ ಬಾ, ಸಡಿಲ ಇದ್ದದ್ದನ್ನು ಈಗಲೇ ಇಬ್ಬರೂ ಕೂತು ತೆಗೆಯೋಣ.